ಅಪ್ಪನ ಮೇಲೆ ಡಾಕ್ಯುಮೆಂಟರಿ ಮಾಡಲಾ, ಬೇಡವಾ? ಟೊಂಗಾ ಸಿನಿಮಾ ನೋಡಿದವರಿದ್ದರೆ ಹೇಳಿ

ಕಕ್ಕಬ್ಬೆ ಕಡೆಯವಳು

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಇದೆ, ಬೇಜಾರು ಮಾಡ್ಕೋಬೇಡಿ.

ನಾನು ಬೆಂಗಳೂರಿನಲ್ಲಿ ವಿಡಿಯೋ ಎಡಿಟಿಂಗ್ ಮಾಡುತ್ತೇನೆ. ಮನೆ ಕೊಡಗಿನ ಕಕ್ಕಬ್ಬೆ ಹತ್ತಿರ. ಈಚೆಗೆ 'ಫಾರ್ ಮೈ ಫಾದರ್ಸ್ ಕಿಂಗ್‌ಡಮ್' ಅನ್ನೋ ಡಾಕ್ಯುಮೆಂಟರಿ ನೋಡಿದೆ. 2019ರದ್ದು. ನ್ಯೂಜಿಲೆಂಡಿನಲ್ಲಿರುವ ಟೊಂಗನ್ (ಪೆಸಿಫಿಕ್ ಸಾಗರದ ಟೊಂಗಾ ದ್ವೀಪದೇಶ ಮೂಲದ) ನಿರ್ದೇಶಕಿ ವೇಯಾ ಮಾಫಿಲೆಯೋ, ಜೆರೆಮಾಯಾ ಟೌವಾಮಿಟಿ ಜೊತೆ ಸೇರಿ ಮಾಡಿದ್ದು. ಬರ್ಲಿನ್ ಚಿತ್ರೋತ್ಸವದಲ್ಲೂ ತೋರಿಸಿದ್ದಾರೆ. ಕಥೆ ಅವಳ ಅಪ್ಪ ಸಾಯಿಯಾ ಅವರದ್ದೇ. ಪಿಂಚಣಿಯಲ್ಲಿ ಬದುಕುವ ಮನುಷ್ಯ, ಆದರೆ ಚರ್ಚಿಗೆ ಕೊಡುವುದರಲ್ಲಿ ಎತ್ತಿದ ಕೈ. ಮನೆ ಒಡೆಯುವ ಮಟ್ಟಕ್ಕೆ ಬಂದರೂ ಕೊಡುವುದನ್ನು ಬಿಡುವುದಿಲ್ಲ.

ನೋಡುತ್ತಾ ನೋಡುತ್ತಾ ನನಗೆ ನಮ್ಮ ಅಪ್ಪನೇ ಕಂಡರು. ದೇವರು ಬೇರೆ, ದೇಶ ಬೇರೆ, ಹಟ ಮಾತ್ರ ಅದೇ. ನಮ್ಮ ಐನ್‌ಮನೆ (ಕೊಡವ ಮನೆತನದ ಮೂಲಮನೆ) ಜೀರ್ಣೋದ್ಧಾರ ನಡೀತಾ ಇದೆ. ಒಕ್ಕದ (ಮನೆತನದ) ವಾಟ್ಸಾಪ್ ಗ್ರೂಪಿನಲ್ಲಿ ಯಾರು ಎಷ್ಟು ಕೊಟ್ಟರು ಅಂತ ಪಟ್ಟಿ ಬರುತ್ತದೆ, ಪ್ರತಿ ಭಾನುವಾರ ಅಪ್‌ಡೇಟ್ ಆಗುತ್ತದೆ. ಅಪ್ಪ ರೇಟು ಬಿದ್ದಿದ್ದಾಗಲೇ ಒಳ್ಳೆಮೆಣಸು ಮಾರಿ ದುಡ್ಡು ಹಾಕಿದರು. ಅದೇ ವರ್ಷ ನಮ್ಮ ಮನೆ ಅಡುಗೆಕೋಣೆಯ ಮಾಡು ಸೋರುತ್ತಿತ್ತು, ಈಗಲೂ ಸೋರುತ್ತಿದೆ. ಅವ್ವ ಏನೂ ಹೇಳುವುದಿಲ್ಲ, ಪಾತ್ರೆ ಮಾತ್ರ ಜೋರಾಗಿ ಇಡುತ್ತಾರೆ. ಕೇಳಿದರೆ ಅಪ್ಪನದ್ದು ಒಂದೇ ಮಾತು: ಕಾರಣಂಗೆ (ಒಕ್ಕದ ಮೂಲ ಹಿರಿಯನಿಗೆ) ಕೊಟ್ಟದ್ದಕ್ಕೆ ಲೆಕ್ಕ ಇಡಬಾರದು.

ಇದನ್ನೇ ಸಿನಿಮಾ ಮಾಡಬೇಕು ಅಂತ ಆಸೆ. ಆದರೆ ಮೀದಿ (ಕಾರಣನಿಗೆ ಎಡೆ) ಇಡುವಾಗ ಕ್ಯಾಮೆರಾ ತರಬೇಡ ಅಂತ ಒಕ್ಕದ ಮುಖ್ಯಸ್ಥರಾದ ಪಟ್ಟೇದಾರರು ಹೇಳಿದ್ದಾರೆ. ಚಿಕ್ಕಪ್ಪ ಇನ್ನೂ ಮುಂದೆ ಹೋಗಿ, ನಾಳೆ ಮದುವೆಯಾದರೆ ನೀನು ಬೇರೆ ಒಕ್ಕದವಳು, ನಿನಗ್ಯಾಕೆ ಇದೆಲ್ಲ ಅಂದರು. ಅಪ್ಪನಿಗೆ ಮಾತ್ರ ಖುಷಿ! ಸಿನಿಮಾ ಅಂದರೆ ಐನ್‌ಮನೆ ಚೆಂದ, ಕುಪ್ಯಚೇಲೆ (ಕೊಡವ ಗಂಡಸರ ಉಡುಪು), ವಾಲಗ ಅಂದುಕೊಂಡಿದ್ದಾರೆ. ನಾನು ಅವರ ಮೇಲೇ ಪ್ರಶ್ನೆ ಎತ್ತುತ್ತೇನೆ ಅಂತ ಇನ್ನೂ ಹೇಳಿಲ್ಲ.

ಈ ಟೊಂಗನ್ ನಿರ್ದೇಶಕಿ ಅಪ್ಪನ ನಂಬಿಕೆಯನ್ನು ಗೇಲಿ ಮಾಡದೆ, ಹೊಗಳದೆ ಹೇಗೆ ತೋರಿಸಿದಳು ಅನ್ನೋದು ನನ್ನ ಪ್ರಶ್ನೆ. ಅಲ್ಲಿಯ ಹಿನ್ನೆಲೆ ಗೊತ್ತಿರುವವರು ಇದ್ದರೆ ಬಿಡಿಸಿ ಹೇಳಿ. ಮನೆ ಜಗಳ ಬೀದಿಗೆ ತರಬೇಡ ಅನ್ನುವವರೂ ಹೇಳಿ, ಕೇಳುತ್ತೇನೆ.

ಸೋಮವಾರಪೇಟೆ ಟು ಆಕ್ಲೆಂಡ್

ತಂಗೀ, ಸರಿಯಾದ ಜಾಗಕ್ಕೆ ಬಂದೆ. ನಾನು ಸೌತ್ ಆಕ್ಲೆಂಡಿನಲ್ಲಿ ವೃದ್ಧಾಶ್ರಮದಲ್ಲಿ ಕೆಲಸ ಮಾಡುತ್ತೇನೆ. ಜೊತೆಗಿರುವವರಲ್ಲಿ ತುಂಬಾ ಜನ ಟೊಂಗನ್ನರು, ಸಮೋವಾದವರು. ನೈಟ್ ಶಿಫ್ಟಿನಲ್ಲಿ ಮಾತಾಡಲು ಟೈಮ್ ಸಿಗುತ್ತದೆ, ಹಾಗಾಗಿ ಸ್ವಲ್ಪ ಗೊತ್ತು.

ಮೊದಲು ದೇಶದ ಅಳತೆ ನೋಡು. ಟೊಂಗಾದ ಜನಸಂಖ್ಯೆ ಒಂದು ಲಕ್ಷದ ಆಸುಪಾಸು. ನಮ್ಮ ಕೊಡಗಿನಲ್ಲೇ 2011ರ ಜನಗಣತಿಯಲ್ಲಿ ಐದೂವರೆ ಲಕ್ಷ ಇತ್ತು. ನ್ಯೂಜಿಲೆಂಡ್ ಒಂದರಲ್ಲೇ 2018ರ ಲೆಕ್ಕಕ್ಕೆ 82,000ಕ್ಕೂ ಜಾಸ್ತಿ ಟೊಂಗನ್ನರಿದ್ದರು. ಆಸ್ಟ್ರೇಲಿಯಾ, ಅಮೆರಿಕ ಸೇರಿಸಿದರೆ ಊರಲ್ಲಿರುವವರಿಗಿಂತ ಹೊರಗಿರುವವರೇ ಹೆಚ್ಚು. ಇವರು ಕಳಿಸುವ ದುಡ್ಡು ಆ ದೇಶದ ಜಿಡಿಪಿಯ ಮೂರನೇ ಒಂದು ಭಾಗಕ್ಕಿಂತ ಜಾಸ್ತಿ. ಅಂದರೆ ಕೊಡುವುದು ಅಲ್ಲಿ ಬರೀ ಗುಣ ಅಲ್ಲ, ದೇಶ ನಿಂತಿರುವುದೇ ಅದರ ಮೇಲೆ.

ಇನ್ನು ಚರ್ಚು. ಬ್ರಿಟಿಷ್ ಮೆಥಡಿಸ್ಟ್ ಮಿಷನರಿಗಳು 1820ರ ದಶಕದಲ್ಲಿ ಬಂದರು. ತಾವುಫಾಹಾವು ಅನ್ನೋ ನಾಯಕ 1831ರಲ್ಲಿ ದೀಕ್ಷೆ ತಗೊಂಡ, ಆಮೇಲೆ ದ್ವೀಪಗಳನ್ನೆಲ್ಲ ಒಟ್ಟು ಮಾಡಿ ರಾಜನಾದ, 1875ರಲ್ಲಿ ಸಂವಿಧಾನ ಕೊಟ್ಟ. ಭಾನುವಾರ ಪವಿತ್ರ ಅಂತ ಸಂವಿಧಾನದಲ್ಲೇ ಬರೆದಿದೆ. ಆ ದಿನ ವ್ಯಾಪಾರ ಇಲ್ಲ, ಆ ದಿನ ಮಾಡಿಕೊಂಡ ಕರಾರೂ ಲೆಕ್ಕಕ್ಕಿಲ್ಲ. ಬೇರೆ ಪೆಸಿಫಿಕ್ ದೇಶಗಳ ಹಾಗೆ ಟೊಂಗಾ ಪೂರ್ತಿ ವಸಾಹತು ಆಗಲೇ ಇಲ್ಲ, ಬ್ರಿಟಿಷರ ರಕ್ಷಣೆಯಲ್ಲಿ 1900ರಿಂದ 1970ರವರೆಗೆ ಇತ್ತು ಅಷ್ಟೇ. ಹಾಗಾಗಿ ಅವರಿಗೆ ಚರ್ಚು ಅಂದರೆ ಹೊರಗಿನವರು ಹೇರಿದ್ದು ಅನ್ನೋ ಭಾವನೆ ನನಗೆ ಕಂಡಿಲ್ಲ. ರಾಜ, ದೇವರು, ನೆಲ ಮೂರೂ ಒಂದೇ ಗಂಟು.

ಆ ಅಪ್ಪ ಕೊಡುವುದಕ್ಕೆ ಮಿಸಿನಾಲೆ ಅನ್ನುತ್ತಾರೆ. ವರ್ಷಕ್ಕೊಮ್ಮೆ ಚರ್ಚಿಗೆ ಕಾಣಿಕೆ ಕೊಡುವ ದಿನ. ಒಂದೊಂದೇ ಕುಟುಂಬದ ಹೆಸರು ಕೂಗಿ, ಎಷ್ಟು ಕೊಟ್ಟರು ಅಂತ ಎಲ್ಲರ ಮುಂದೆ ಓದುತ್ತಾರೆ. ನಿಮ್ಮ ವಾಟ್ಸಾಪ್ ಪಟ್ಟಿ ಇದೆಯಲ್ಲ, ಅದನ್ನೇ ಮೈಕಿನಲ್ಲಿ ಓದಿದರೆ ಹೇಗೆ! ಕಮ್ಮಿ ಕೊಟ್ಟರೆ ತಲೆ ತಗ್ಗಿಸಬೇಕು ಅಂತ ಸಾಲ ಮಾಡಿ ಕೊಡುವವರಿದ್ದಾರೆ. ಇದರ ಬಗ್ಗೆ ಇಲ್ಲಿ ಹುಟ್ಟಿದ ಮಕ್ಕಳಿಗೆ ಸಿಟ್ಟಿದೆ, ಅದು ಸುಳ್ಳಲ್ಲ.

ಆದರೆ ಇನ್ನೊಂದು ಮುಖವೂ ಇದೆ. ಫ್ಯಾಕ್ಟರಿಗೆ ಆಳು ಬೇಕಾದಾಗ ಈ ಜನರನ್ನು ಕರೆಸಿಕೊಂಡ ನ್ಯೂಜಿಲೆಂಡ್ ಸರ್ಕಾರವೇ, 1970ರ ದಶಕದಲ್ಲಿ ಕೆಲಸ ಕಮ್ಮಿಯಾದ ಮೇಲೆ ವೀಸಾ ಮುಗಿದಿದೆ ಅಂತ ಬೆಳಗಿನ ಜಾವ ಬಾಗಿಲು ಬಡಿದು ಪೊಲೀಸರ ಕೈಲಿ ಎಬ್ಬಿಸಿತು. ನಾಯಿ ಬಿಟ್ಟು ಹುಡುಕಿದ್ದೂ ಉಂಟು. ವೀಸಾ ಮೀರಿ ಉಳಿದವರಲ್ಲಿ ಬಿಳಿಯರೂ ಬೇಕಾದಷ್ಟಿದ್ದರು, ಬಾಗಿಲು ಬಡಿದದ್ದು ಮಾತ್ರ ಹೆಚ್ಚಾಗಿ ಪೆಸಿಫಿಕ್ ಜನರ ಮನೆಗೆ. ಸರ್ಕಾರ ಕ್ಷಮೆ ಕೇಳಿದ್ದು 2021ರ ಆಗಸ್ಟ್ 1ಕ್ಕೆ, ಆಗ ಜಸಿಂಡಾ ಆರ್ಡರ್ನ್ ಪ್ರಧಾನಿ. ಅಂಥ ಕಾಲದಲ್ಲಿ ಹೊಸಬರಿಗೆ ಮನೆ, ಕೆಲಸ, ಭಾಷೆ ಗೊತ್ತಿರುವ ನಾಲ್ಕು ಜನ, ಎಲ್ಲ ಸಿಕ್ಕಿದ್ದು ಚರ್ಚಿನ ಹಾಲ್‌ನಲ್ಲಿ. ಆ ತಲೆಮಾರಿನ ಅಪ್ಪಂದಿರು ಕೈಬಿಚ್ಚಿ ಕೊಡುವುದಕ್ಕೆ ಇದೂ ಒಂದು ಕಾರಣ ಅಂತ ನನ್ನ ಅನಿಸಿಕೆ. ಮಕ್ಕಳಿಗೆ ಬ್ಯಾಂಕ್ ಲೆಕ್ಕ ಕಾಣುತ್ತದೆ, ಅಪ್ಪಂದಿರಿಗೆ ಆ ಹಾಲ್ ಕಾಣುತ್ತದೆ.

ಹಾಗಾಗಿ ನಿನ್ನ ಪ್ರಶ್ನೆಗೆ ನನ್ನ ಉತ್ತರ: ಅಪ್ಪ ಯಾಕೆ ಕೊಡುತ್ತಾರೆ ಅಂತ ನಿನಗೆ ನಿಜವಾಗಿ ಗೊತ್ತಾ? ಒಳ್ಳೆಮೆಣಸಿನ ಕಥೆ ಹೇಳಿದೆ, ಐನ್‌ಮನೆ ಅವರಿಗೆ ಏನು ಕೊಟ್ಟಿತ್ತು ಅಂತ ಒಂದು ಸಾಲೂ ಬರೆದಿಲ್ಲ.

ರಿಟೈರ್ಡ್ ಸುಬೇದಾರ್

ಟೊಂಗಾ ಎಲ್ಲ ಸರಿ. ನಾನು ನೇರವಾಗಿ ಹೇಳುತ್ತೇನೆ. ಬೇಡ ಮಗಳೇ.

ಕಾರಣ ಬಂದು ಕೂರುವ ಜಾಗ ಅದು. ನೆಲ್ಲಕ್ಕಿ ನಡುಬಾಡೆಯಲ್ಲಿ (ಮನೆಯ ನಡುಕೋಣೆಯಲ್ಲಿ) ದೀಪದ ಎದುರು ಚಪ್ಪಲಿ ಹಾಕಿಕೊಂಡು ಯಾರೂ ನಿಲ್ಲುವುದಿಲ್ಲ, ಅಲ್ಲಿ ಟ್ರೈಪಾಡ್ ನಿಲ್ಲಿಸುತ್ತೀಯಾ? ನಮ್ಮ ಕಡೆ ಒಂದು ತೆರೆಗೆ (ದೈವ ಮೈಮೇಲೆ ಬರುವ ಆಚರಣೆಗೆ) ಯಾರೋ ಬಂದು ಮೊಬೈಲಿನಲ್ಲಿ ಹಿಡಿದರು. ಎರಡು ದಿನಕ್ಕೆ ಸಿನಿಮಾ ಹಾಡು ಸೇರಿಸಿ ರೀಲ್ಸ್ ಬಂತು. ಕೆಳಗೆ ನಗುವ ಕಾಮೆಂಟು. ಅಲ್ಲಿ ಮೈಮೇಲೆ ಬಂದವನು ನಮ್ಮ ಮನೆ ತೋಟದಲ್ಲಿ ಕೆಲಸ ಮಾಡುವ ಮನುಷ್ಯ, ಅವನ ಮಕ್ಕಳು ಶಾಲೆಗೆ ಹೋಗುತ್ತಾರೆ. ಆ ಮಕ್ಕಳಿಗೆ ಏನಾಯಿತು ಅಂತ ಯಾರಾದರೂ ಕೇಳಿದರಾ?

ಮನೆ ಜಗಳ ಎಲ್ಲರ ಮನೆಯಲ್ಲೂ ಇದೆ. ತೋರಿಸುವುದೇ ಆದರೆ ನಿನ್ನ ಮನೆ ಅಡುಗೆಕೋಣೆ ತೋರಿಸು, ಅದು ನಿನ್ನದು. ಐನ್‌ಮನೆ ನಿನ್ನೊಬ್ಬಳದ್ದಲ್ಲ.

ಗೋಣಿಕೊಪ್ಪ ಸ್ಟುಡಿಯೋ

ಸುಬೇದಾರ್ ಅಂಕಲ್ ಹೇಳಿದ್ದರಲ್ಲಿ ಅರ್ಧ ಒಪ್ಪುತ್ತೇನೆ. ನಾನು ಮದುವೆ ವಿಡಿಯೋ ಮಾಡುವವನು, ನೂರಾರು ಐನ್‌ಮನೆ ಒಳಗೆ ಹೋಗಿದ್ದೇನೆ. ಒಮ್ಮೆ ನಾನು ತೆಗೆದ ಒಂದು ಒಕ್ಕದ ಹಬ್ಬದ ಫುಟೇಜ್ ನನ್ನನ್ನೂ ಕೇಳದೆ ಆ ಮನೆಯವರನ್ನೂ ಕೇಳದೆ ಒಂದು ಚಾನೆಲ್‌ನಲ್ಲಿ ಬಂತು. ಆ ಮನೆಯವರು ಇವತ್ತಿಗೂ ನನ್ನನ್ನು ಕರೆಯುವುದಿಲ್ಲ. ಕರೆಯದಿರುವುದು ನ್ಯಾಯವೇ.

ಮೇಡಂ, ಮಾಡುವುದಾದರೆ ಕೆಲವು ವಿಷಯ. ಒಪ್ಪಿಗೆಯನ್ನು ಬಾಯಿಮಾತಲ್ಲಿ ಬಿಡಬೇಡಿ. ಕ್ಯಾಮೆರಾ ಆನ್ ಮಾಡಿ, ಯಾವುದನ್ನು ತೆಗೆಯುತ್ತೀರಿ, ಎಲ್ಲಿ ಹಾಕುತ್ತೀರಿ ಅಂತ ಹೇಳಿ ಅವರ ಬಾಯಲ್ಲೇ ಹೂಂ ಅನ್ನಿಸಿಕೊಳ್ಳಿ. ಕಟ್ ಆದ ಮೇಲೆ ಎಲ್ಲೂ ಹಾಕುವ ಮೊದಲು ಮನೆಯವರಿಗೆ ತೋರಿಸಿ, ಇದು ಬೇಡ ಅಂದದ್ದನ್ನು ತೆಗೆಯಿರಿ. ಹಾಗೆ ತೆಗೆದರೆ ಸಿನಿಮಾ ಸಪ್ಪೆಯಾಗುತ್ತದೆ ಅನ್ನುವವರಿದ್ದಾರೆ. ನನಗೆ ಹಾಗೆ ಅನಿಸಿಲ್ಲ. ನೋಡುವವರಿಗೆ ಏನೋ ಬಿಟ್ಟಿದ್ದಾರೆ ಅಂತ ಗೊತ್ತಾದರೂ ತೊಂದರೆ ಇಲ್ಲ.

ಬೆಳಕಿನ ವಿಷಯ. ಐನ್‌ಮನೆ ಒಳಗೆ ಹಗಲಲ್ಲೂ ಕತ್ತಲೆ. ದಯವಿಟ್ಟು ಎಲ್‌ಇಡಿ ಪ್ಯಾನೆಲ್ ಇಡಬೇಡಿ, ಆ ಬಿಳಿ ಬೆಳಕು ಬಿದ್ದ ಕೂಡಲೇ ಹಳೇ ಮರದ ಕಂಬ ಪ್ಲೈವುಡ್ ಥರ ಕಾಣುತ್ತದೆ, ಕೂತಿರುವ ಅಜ್ಜನೂ ಫೋಟೋಗೆ ಕೂತ ಹಾಗೆ ಬೆನ್ನು ನೇರ ಮಾಡುತ್ತಾರೆ. ತೂಗುದೀಪದ ಉರಿಗೆ ಎಕ್ಸ್‌ಪೋಶರ್ ಹೊಂದಿಸಿ. ಮುಖ ಅರ್ಧ ಕಪ್ಪಾದರೆ ಆಗಲಿ. ಕಡಿಮೆ ಬೆಳಕಿಗೆ 1.8 ಲೆನ್ಸ್ ಸಾಕು. ಎಣ್ಣೆ ಹಾಕುವ ಕೈ, ಬತ್ತಿ ಮೇಲೆತ್ತುವ ಬೆರಳು, ಆ ಬೆರಳಿಗೆ ಅಂಟಿದ ಮಸಿಯನ್ನು ಕಂಬಕ್ಕೆ ಒರೆಸುವುದು, ಇಷ್ಟು ಸಿಕ್ಕರೆ ಸಾಕು.

ಆಡಿಯೋಗೆ ಜೂನ್‌ನಿಂದ ಆಗಸ್ಟ್ ಮರೆತುಬಿಡಿ. ನಿಮ್ಮ ಕಕ್ಕಬ್ಬೆ ಮಳೆಯಲ್ಲಿ ಶೀಟಿನ ಕೆಳಗೆ ಕೂತು ಮಾತಾಡಿಸಿದರೆ ಮಳೆ ಮಾತ್ರ ಕೇಳುತ್ತದೆ. ಆದರೆ ಅಡುಗೆಕೋಣೆ ಸೋರುವ ಶಾಟ್ ಮಾತ್ರ ಆಗಲೇ ತೆಗೆಯಬೇಕು ಅಲ್ವಾ, ಅದಕ್ಕೆ ಮಾತು ಬೇಡ, ಪಾತ್ರೆಗೆ ನೀರು ಬೀಳುವ ಸದ್ದು ಸಾಕು.

ವಿರಾಜಪೇಟೆ ಟೀಚರ್

ಆಕ್ಲೆಂಡ್ ಅಣ್ಣ ಬರೆದದ್ದು ಓದಿ ಕೆಲವರಿಗೆ ಚರ್ಚು ಅಂದರೆ ಬಡವರ ದುಡ್ಡು ಹೊಡೆಯುವುದು ಅನಿಸಬಹುದು. ನಾನು ಕ್ಯಾಥೊಲಿಕ್, ನಮ್ಮಲ್ಲಿ ಕಾಣಿಕೆ ಡಬ್ಬಿಗೆ ಹಾಕಿದ್ದು ಯಾರದ್ದು ಎಷ್ಟು ಅಂತ ಯಾರೂ ಓದುವುದಿಲ್ಲ, ಆದರೆ ಹಬ್ಬಕ್ಕೆ ಯಾರು ಏನು ಕೊಟ್ಟರು ಅಂತ ಎಲ್ಲರಿಗೂ ಗೊತ್ತಿರುತ್ತದೆ. ಇಲ್ಲಿಯ ಸೇಂಟ್ ಆನ್ಸ್ ಚರ್ಚು 1792ರದ್ದು. ಟಿಪ್ಪು ಕಾಲದಲ್ಲಿ ಓಡಿಬಂದ ನಮ್ಮವರಿಗೆ ದೊಡ್ಡವೀರರಾಜೇಂದ್ರ ಅರಸರು ಜಾಗ ಕೊಟ್ಟರು. ಅಂದರೆ ಕೊಟ್ಟವರು ಕೊಡಗಿನ ಅರಸರು, ಅವರ ದೇವರು ಬೇರೆ. ನಮ್ಮಜ್ಜಿ ಈ ಕಥೆ ಹೇಳಿಯೇ ಕಾಣಿಕೆ ಹಾಕಿಸುತ್ತಿದ್ದರು. ಹಾಗಾಗಿ ಕೊಡುವ ಅಪ್ಪನನ್ನು ಪೆದ್ದ ಅಂತ ತೋರಿಸಬೇಡ. ಪೆದ್ದನಾಗಿ ತೋರಿಸಿದ ಕ್ಷಣ ಅವರ ಬಗ್ಗೆ ಸಿನಿಮಾದಲ್ಲಿ ಕೇಳಲು ಏನೂ ಉಳಿಯುವುದಿಲ್ಲ.

ನನಗೆ ನಿನ್ನ ಪೋಸ್ಟಿನಲ್ಲಿ ಹಿಡಿಸಿದ್ದು ಅವ್ವ. ಅಪ್ಪನ ಬಗ್ಗೆ ಸಿನಿಮಾ ಅಂದೆ. ಕೊಟ್ಟದ್ದು ಅಪ್ಪ, ಪಟ್ಟಿಯಲ್ಲಿ ಹೆಸರೂ ಅಪ್ಪನದೇ. ಆ ದುಡ್ಡಿಲ್ಲದೆ ಮಳೆಗಾಲ ಕಳೆದದ್ದು ಅವ್ವ. ಅವರ ಹೆಸರು ಯಾವ ಪಟ್ಟಿಯಲ್ಲೂ ಬರುವುದಿಲ್ಲ. ಅವರೊಂದಿಗೆ ಎಷ್ಟು ಹೊತ್ತು ಕ್ಯಾಮೆರಾ ಇರುತ್ತದೆ ಅಂತ ಮೊದಲು ತೀರ್ಮಾನ ಮಾಡು.

ಕಕ್ಕಬ್ಬೆ ಕಡೆಯವಳು

ಇಷ್ಟು ಜನ ಇಷ್ಟು ಬರೆಯುತ್ತೀರಿ ಅಂದುಕೊಂಡಿರಲಿಲ್ಲ.

@ಸೋಮವಾರಪೇಟೆ ಅಣ್ಣ, ಅಪ್ಪನನ್ನು ಫೋನಿನಲ್ಲಿ ಕೇಳಿದೆ. ಅಜ್ಜ ಬೇಗ ತೀರಿಕೊಂಡರಂತೆ, ಅಪ್ಪ ಆಗ ಹೈಸ್ಕೂಲು. ಅವರ ಹಾಸ್ಟೆಲ್ ಫೀಸು ಒಕ್ಕದವರು ಸೇರಿ ಕಟ್ಟಿದ್ದು. ಇದನ್ನು ನನಗೆ ಇಷ್ಟು ವರ್ಷ ಹೇಳಿರಲಿಲ್ಲ. ಯಾಕೆ ಹೇಳಲಿಲ್ಲ ಅಂದರೆ, ನೀನು ಕೇಳಲಿಲ್ಲ ಅಂದರು.

@ಸುಬೇದಾರ್ ಅಂಕಲ್, ಮೀದಿ ಇಡುವಾಗ ಕ್ಯಾಮೆರಾ ಆಫ್. ಅದು ಖಂಡಿತ. ಮೈಮೇಲೆ ಬರುವವರ ಮುಖ ತೋರಿಸುವುದೇ ಇಲ್ಲ. ಆದರೆ ಐನ್‌ಮನೆ ನನ್ನೊಬ್ಬಳದ್ದಲ್ಲ ಅನ್ನೋದು ಒಪ್ಪಿದರೂ, ನನ್ನದೇ ಅಲ್ಲ ಅನ್ನೋದನ್ನು ಒಪ್ಪುವುದಿಲ್ಲ. ಚಿಕ್ಕಪ್ಪ ಹೇಳಿದ್ದೂ ಅದೇ. ಮಗಳಿಗೆ ಮದುವೆಯಾದ ಮೇಲೆ ಒಕ್ಕದ ಹೆಸರು ಬದಲಾಗುತ್ತದೆ, ಆರ್‌ಟಿಸಿಯಲ್ಲಿ ಜಮ್ಮಾ ಬಾಣೆ (ಒಕ್ಕದ ವಂಶಪಾರಂಪರ್ಯ ಜಮೀನು) ತೀರಿಹೋದ ಪಟ್ಟೇದಾರನ ಹೆಸರಲ್ಲೇ ಇರುತ್ತದೆ, ಹುಡುಗಿಯರ ಹೆಸರು ಹುಡುಕಿದರೂ ಇಲ್ಲ. ಟೊಂಗನ್ ಹೆಣ್ಣುಮಕ್ಕಳಿಗೆ ಹೇಗಿದೆ ಅಣ್ಣ? ಆ ನಿರ್ದೇಶಕಿಗೆ ಅಪ್ಪನ ಬಗ್ಗೆ ಮಾತಾಡುವ ಹಕ್ಕು ಅಲ್ಲಿ ಇದೆಯಾ?

ಸೋಮವಾರಪೇಟೆ ಟು ಆಕ್ಲೆಂಡ್

ಒಳ್ಳೇ ಪ್ರಶ್ನೆ ಕೇಳಿದೆ. ಇದು ನನಗೂ ಅರ್ಥವಾಗಲು ತುಂಬಾ ಟೈಮ್ ಹಿಡಿಯಿತು.

ಜಮೀನು ನಮ್ಮ ಹಾಗೇ. ಟೊಂಗಾದಲ್ಲಿ ನೆಲ ಮಾರುವಂತಿಲ್ಲ, ಸಂವಿಧಾನದಲ್ಲೇ ನಿಷೇಧ. ಹದಿನಾರು ದಾಟಿದ ಗಂಡಿಗೆ ತೋಟಕ್ಕೆ ಎಂಟೂಕಾಲು ಎಕರೆ ಸಿಗಬೇಕು ಅಂತ ಕಾನೂನು. ಈಗ ಅಷ್ಟು ನೆಲವೇ ಇಲ್ಲ, ಅದು ಬೇರೆ ಮಾತು. ಅಪ್ಪನ ನಂತರ ಹಿರಿಮಗನಿಗೆ. ಹೆಣ್ಣುಮಕ್ಕಳಿಗೆ ಇದರಲ್ಲಿ ಕೊನೇ ಸಾಲು.

ಆದರೆ ಮರ್ಯಾದೆ ಉಲ್ಟಾ! ಅಕ್ಕ ತಂಗಿಯರ ಸ್ಥಾನ ಅಣ್ಣ ತಮ್ಮಂದಿರಿಗಿಂತ ಮೇಲೆ. ಅಪ್ಪನ ಅಕ್ಕ, ಅಂದರೆ ನಮ್ಮ ಲೆಕ್ಕದಲ್ಲಿ ಸೋದರತ್ತೆ, ಮನೆಯಲ್ಲಿ ಎಲ್ಲರಿಗಿಂತ ದೊಡ್ಡವಳು. ಮದುವೆ, ಸಾವು ಎಲ್ಲದರಲ್ಲೂ ಫಾಹು ಅಂತ ಒಬ್ಬ ಹೆಂಗಸನ್ನು ಮುಂದೆ ಕೂರಿಸಿ ಒಳ್ಳೇ ಚಾಪೆ, ಒಳ್ಳೇ ಬಟ್ಟೆ ಅವಳಿಗೇ ಕೊಡುತ್ತಾರೆ. ನನ್ನ ಸಹೋದ್ಯೋಗಿಯ ಮಾವ ತೀರಿಕೊಂಡಾಗ ಹೋಗಿದ್ದೆ. ಎಲ್ಲರೂ ಕಪ್ಪು ಬಟ್ಟೆ, ಸೊಂಟಕ್ಕೆ ತಾಓವಾಲಾ ಅಂತ ಹೆಣೆದ ಚಾಪೆ ಸುತ್ತಿ ಹಗ್ಗ ಕಟ್ಟಿದ್ದರು. ಕೆಲವರ ಚಾಪೆ ಎದೆಯವರೆಗೆ, ಅಂಚು ಹರಿದು ಎಳೆ ಎಳೆ ನೇತಾಡುತ್ತಿತ್ತು. ಬಡವರಿರಬೇಕು ಅಂದುಕೊಳ್ಳುವಷ್ಟರಲ್ಲಿ ಪಕ್ಕದವಳು ಹೇಳಿದಳು, ಸತ್ತವರಿಗಿಂತ ಕೆಳಗಿನ ಸ್ಥಾನದ ನೆಂಟರು ಹಾಗೆ ದೊಡ್ಡದಾಗಿ, ಹರಕಾಗಿ ಸುತ್ತುತ್ತಾರಂತೆ, ಮೇಲಿನವರದ್ದು ನಯವಾದ ಚಾಪೆ. ಯಾರು ಯಾರಿಗೆ ಏನಾಗಬೇಕು ಅಂತ ಸೊಂಟ ನೋಡಿಯೇ ಗೊತ್ತಾಗುತ್ತದೆ. ಅಡುಗೆ ಮಾಡುತ್ತಾ ಹಿಂದೆ ಬೆವರುತ್ತಿದ್ದವರೆಲ್ಲ ಹರಕು ಚಾಪೆಯವರು.

ಇನ್ನೊಂದು. ಬೆಳೆದ ಅಣ್ಣ ತಂಗಿ ಒಂದೇ ಕೋಣೆಯಲ್ಲಿ ಕೂತು ಟಿವಿ ನೋಡುವುದು ಹಿಂದೆಲ್ಲ ಸಲ್ಲದು. ಅಷ್ಟು ಮರ್ಯಾದೆ, ಅಷ್ಟು ದೂರ. ಇಲ್ಲಿ ಆಕ್ಲೆಂಡಿನ ಸಣ್ಣ ಮನೆಗಳಲ್ಲಿ ಅದು ಸಡಿಲವಾಗಿದೆ. ಆದರೂ ಒಂದು ಟೊಂಗನ್ ಮನೆಯ ಮಗಳು ಅಪ್ಪನ ಕಥೆಯನ್ನು ಅಣ್ಣತಮ್ಮಂದಿರು, ಚರ್ಚಿನವರು, ಹೊರಗಿನವರು ಒಟ್ಟಿಗೆ ಕೂತು ನೋಡುವ ಥಿಯೇಟರಿಗೆ ತರುವುದು ಸುಲಭದ ಕೆಲಸ ಅಲ್ಲ. ಹಕ್ಕು ಯಾರೂ ಕೊಟ್ಟಿರುವುದಿಲ್ಲ. ಅವಳು ಮಗಳಾಗಿಯೇ ಕೇಳಿದಳು, ಪತ್ರಕರ್ತೆಯಾಗಿ ಅಲ್ಲ, ಅಷ್ಟೇ.

ತುಂಬಾ ಗಂಭೀರ ಆಯಿತು ಅನಿಸಿದರೆ 'ರೆಡ್, ವೈಟ್ ಆಂಡ್ ಬ್ರಾಸ್' ನೋಡು, 2023ರದ್ದು. ಹಾಲೈಫೊನುವಾ ಫಿನಾವು ಅನ್ನೋ ಟೊಂಗನ್ ಬರಹಗಾರ ತನ್ನ ಜೀವನದ್ದೇ ಘಟನೆ ಬರೆದಿದ್ದಾನೆ. 2011ರ ರಗ್ಬಿ ವಿಶ್ವಕಪ್ಪಿನಲ್ಲಿ ಟೊಂಗಾ–ಫ್ರಾನ್ಸ್ ಪಂದ್ಯಕ್ಕೆ ಟಿಕೆಟ್ ಸಿಗದೆ, ಬಾರಿಸಲು ಬಾರದಿದ್ದರೂ ಬ್ಯಾಂಡ್ ಕಟ್ಟಿಕೊಂಡು ಸ್ಟೇಡಿಯಂ ಒಳಗೆ ಹೋದ ಚರ್ಚಿನ ಹುಡುಗರ ಕಥೆ. ಆ ಪಂದ್ಯ ಟೊಂಗಾ 19–14ರಲ್ಲಿ ಗೆದ್ದಿತು. ಒಕ್ಕ ಒಕ್ಕದ ಹಾಕಿ ಹಬ್ಬ ನೋಡಿದವರಿಗೆ ಆ ಹುಚ್ಚು ಬಿಡಿಸಿ ಹೇಳಬೇಕಾಗಿಲ್ಲ. ನಗುತ್ತಾ ನಗುತ್ತಾ ಅಪ್ಪ–ಮಗನ ವಿಷಯ, ಚರ್ಚಿನ ವಿಷಯ ಎಲ್ಲ ಬರುತ್ತದೆ.

ರಿಟೈರ್ಡ್ ಸುಬೇದಾರ್

ಸೋದರತ್ತೆಗೆ ಅಷ್ಟು ಮರ್ಯಾದೆ ಅನ್ನುವುದು ಓದಿ ನನ್ನ ಹೆಂಡತಿ ಆ ದೇಶಕ್ಕೆ ಹೋಗೋಣ ಅನ್ನುತ್ತಿದ್ದಾಳೆ.

ಮೀದಿಗೆ ಕ್ಯಾಮೆರಾ ಇಲ್ಲ ಅಂದೆ, ಸಂತೋಷ. ಉಳಿದದ್ದರಲ್ಲಿ ನನ್ನ ಅಭಿಪ್ರಾಯ ಬದಲಾಗಿಲ್ಲ. ಹಾಸ್ಟೆಲ್ ಫೀಸು ಕಟ್ಟಿದವರಲ್ಲಿ ಯಾರಾದರೂ ಬದುಕಿದ್ದರೆ ಮೊದಲು ಅವರ ಹತ್ತಿರ ಹೋಗು. ನಿನ್ನ ಅಪ್ಪನಿಗೆ ಹೇಳದೆ ಅವರ ಮೇಲೆ ಸಿನಿಮಾ ಮಾಡುವುದು ಮಾತ್ರ ಸರಿಯಲ್ಲ. ಅವರು ವಾಲಗ ಅಂದುಕೊಂಡು ಕುಪ್ಯಚೇಲೆ ಇಸ್ತ್ರಿ ಮಾಡಿಸುತ್ತಿದ್ದರೆ?

ಕಕ್ಕಬ್ಬೆ ಕಡೆಯವಳು

ಇಸ್ತ್ರಿ ಮಾಡಿಸಿಯೇ ಇದ್ದಾರೆ ಅಂಕಲ್ 😅 ಈ ಶನಿವಾರ ಊರಿಗೆ ಹೋಗಿ ಎದುರು ಕೂತು ಹೇಳುತ್ತೇನೆ. ಫೀಸು ಕಟ್ಟಿದವರಲ್ಲಿ ಒಬ್ಬರು ಇದ್ದಾರಂತೆ, ನಾಪೋಕ್ಲಿನಲ್ಲಿ. ಕಿವಿ ಕೇಳುವುದಿಲ್ಲ, ನೆನಪು ಚೆನ್ನಾಗಿದೆ ಅಂದರು ಅಪ್ಪ.

ಅವ್ವನನ್ನೂ ಕೇಳಿದೆ ಟೀಚರ್. ಕ್ಯಾಮೆರಾ ಮುಂದೆ ಕೂತು ಮಾತಾಡಲ್ಲ, ಬೇಕಾದರೆ ನಾನು ಕೆಲಸ ಮಾಡುವಾಗ ತಕ್ಕೋ ಅಂದರು.

ಗೋಣಿಕೊಪ್ಪ ಸ್ಟುಡಿಯೋ

ಕೂತು ಮಾತಾಡಿಸುವುದಕ್ಕಿಂತ ಅದೇ ಒಳ್ಳೇದು ಮೇಡಂ. ಕಾಲರ್ ಮೈಕ್ ಸೀರೆಗೆ ಹಾಕಬೇಡಿ, ಸರಸರ ಸದ್ದು ಬರುತ್ತದೆ. ರವಿಕೆ ಅಂಚಿಗೆ ಒಳಗಿನಿಂದ ಟೇಪ್ ಹಾಕಿ. ಕಿವಿ ಕೇಳದ ಅಜ್ಜನ ಹತ್ತಿರ ನೀವು ಕಿರುಚಬೇಕಾಗುತ್ತದೆ, ಹಾಗಾಗಿ ಎರಡು ಮೈಕ್ ಬೇರೆ ಬೇರೆ ಟ್ರ್ಯಾಕಿನಲ್ಲಿ ತಗೊಳ್ಳಿ. ನನ್ನ ಹತ್ತಿರ ಒಂದು ಸೆಟ್ ಸುಮ್ನೆ ಬಿದ್ದಿದೆ, ಶನಿವಾರ ಗೋಣಿಕೊಪ್ಪ ಮೇಲೆ ಬರುವುದಾದರೆ ಬಸ್‌ಸ್ಟ್ಯಾಂಡ್ ಹತ್ತಿರ ಕೊಡುತ್ತೇನೆ. ಬ್ಯಾಟರಿ ಮಾತ್ರ ನೀವೇ ತನ್ನಿ.